ಸೊಫಾಲನ ಬಿಲ್ಲೆ

2006ರಲ್ಲಿ ನಾನು ಶಿಕಾಗೋ ಪಕ್ಕದ ಎಲ್ಕ್ ಗ್ರೋವ್ ವಿಲೇಜ್‌ನಲ್ಲಿ ಒಂದು ಸಣ್ಣ ಟ್ರಾವೆಲ್ ಏಜೆನ್ಸಿ ನಡೆಸುತ್ತಿದ್ದೆ. ವಿಮಾನ ನಿಲ್ದಾಣದ ಬೆನ್ನಿಗಿರುವ ಗೋದಾಮುಗಳ ಸಾಲಿನಲ್ಲಿ, ಸರಕು ಸಾಗಿಸುವ ಕಂಪನಿಯೊಂದರ ಮೇಲ್ಮಹಡಿಯಲ್ಲಿ ನನ್ನ ಆಫೀಸು. ಎರಡು ಮೇಜು, ಒಂದು ಫ್ಯಾಕ್ಸ್ ಯಂತ್ರ, ಗೋಡೆಗೊಂದು ಪ್ರಪಂಚದ ನಕ್ಷೆ. ಬಹಳ ವರ್ಷ ಊರಿಗೆ ಹೋಗುವವರ ಟಿಕೆಟ್ ಮಾಡಿಕೊಟ್ಟೇ ಬದುಕಿದ್ದೆ. ಇಂಟರ್ನೆಟ್ ಬಂದು ಜನ ತಮ್ಮ ಟಿಕೆಟ್ ತಾವೇ ಮಾಡಿಕೊಳ್ಳತೊಡಗಿದ ಮೇಲೆ ಗುಂಪು ಪ್ರವಾಸಗಳಿಗೆ ಇಳಿದೆ. ಶಿಕಾಗೋ, ಡೆಟ್ರಾಯ್ಟ್ ಸುತ್ತಲಿನ ಕನ್ನಡದವರೇ ನನ್ನ ಗಿರಾಕಿಗಳು.

ನಾನು ಹೊಸಪೇಟೆಯವಳು. ನಮ್ಮಪ್ಪ ಸ್ಟೇಷನ್ನಿನಿಂದ ಹಂಪಿಗೆ ಟೂರಿಸ್ಟರನ್ನು ಕರೆದೊಯ್ಯುವ ಟ್ಯಾಕ್ಸಿ ಓಡಿಸುತ್ತಿದ್ದರು. ಗೈಡ್ ಎಂದರೆ ಯಾರು, ಅವನ ಹೊಟ್ಟೆಪಾಡು ಯಾವುದರ ಮೇಲೆ ನಿಂತಿದೆ ಎಂಬುದನ್ನು ನನಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಈ ಪ್ರಸಂಗ ಹೇಳುವಾಗ ಇವತ್ತಿಗೂ ನನ್ನ ಧ್ವನಿ ಏರುತ್ತದೆ. ಮಗಳು "ಅಮ್ಮೀ, ಕಾಮ್ ಡೌನ್" ಅನ್ನುತ್ತಾಳೆ. ಆಗುವುದಿಲ್ಲ.

ಆ ವರ್ಷದ ಕ್ರಿಸ್‌ಮಸ್ ರಜೆಗೆ ಥಾಯ್ಲೆಂಡ್, ಕಾಂಬೋಡಿಯಾ ಪ್ರವಾಸ ಹೊರಡಿಸಿದೆ. ಗುಂಪಿನ ಜೊತೆ ಊರಿನಿಂದಲೇ ಹೊರಟು ಊರಿಗೇ ಮರಳುವವರನ್ನು ನಮ್ಮ ಕಸುಬಿನಲ್ಲಿ ಟೂರ್ ಎಸ್ಕಾರ್ಟ್ ಅನ್ನುತ್ತಾರೆ. ಆ ಕೆಲಸಕ್ಕೆ ನಾನೇ ನಿಂತೆ. ಅಲ್ಲಿನ ಬಸ್ಸು, ಹೋಟೆಲು, ಗೈಡ್ ಒದಗಿಸುವ ಸ್ಥಳೀಯ ಸಂಸ್ಥೆ ಲ್ಯಾಂಡ್ ಏಜೆಂಟ್. ಪ್ರವಾಸದ ಮುಖ್ಯ ಆಕರ್ಷಣೆ ಕಾಂಬೋಡಿಯಾದ ಸಿಯೆಮ್ ರೀಪ್‌ನಲ್ಲಿ ಒಂದು ದಿನ: ಬೆಳಿಗ್ಗೆ ಹಳೆಯ ದೇವಾಲಯಗಳು, ಮಧ್ಯಾಹ್ನ ದೊಡ್ಡ ಸರೋವರದ ಮೇಲೆ ತೇಲುವ ಹಳ್ಳಿಗಳು.

ಹೊರಡುವ ಮೊದಲು ಶಿಕಾಗೋ ಪಕ್ಕದ ಲಿಸ್ಲ್‌ನ ಲೈಬ್ರರಿಯ ಕೋಣೆಯೊಂದರಲ್ಲಿ ಎಲ್ಲರನ್ನೂ ಕೂರಿಸಿ ಹೇಳಬೇಕಾದ್ದನ್ನೆಲ್ಲ ಹೇಳಿದೆ. ಕೆತ್ತನೆ ಮುಟ್ಟಬೇಡಿ. ದೋಣಿಯಿಂದ ಮಕ್ಕಳ ಕಡೆ ಏನನ್ನೂ ಎಸೆಯಬೇಡಿ. ಮಿಷಿಗನ್ನಿನ ನಾರ್ತ್‌ವಿಲ್‌ನಿಂದ ಬಂದಿದ್ದ ಡಾಕ್ಟರ್ ಪ್ರಭಾಕರ್ ಕೈ ಎತ್ತಿದರು. ದಾವಣಗೆರೆ ಕಡೆಯವರು, ಹೃದಯದ ಡಾಕ್ಟರು, ನಮ್ಮ ಜನರ ಎಲ್ಲ ಸಮಾರಂಭಗಳಲ್ಲೂ ಮೊದಲ ಸಾಲಿನವರು.

"ಅಲ್ಲಿ ಈಶ್ವರ ಲಿಂಗ ಇದಾವಂತಲ್ರೀ, ಪೂಜೆ ಮಾಡಬಹುದಾ?"

"ಹಳೇ ಗುಡಿಗಳಲ್ಲಿ ಬೇಡ ಸರ್. ಊರೊಳಗೆ ಪೂಜೆ ನಡೆಯೋ ಗುಡಿ ಇದೆ, ಅಲ್ಲಿಗೆ ಕರ್ಕೊಂಡು ಹೋಗ್ತೀನಿ," ಅಂದೆ. ಅವರು ತಲೆಯಾಡಿಸಿದರು. ಅವರ ಹೆಂಡತಿ ಸುಮಿತ್ರಾ ಪಕ್ಕದಲ್ಲೇ ಕೂತು ಎಲ್ಲವನ್ನೂ ಕೇಳಿಸಿಕೊಂಡರು.

ಸಿಯೆಮ್ ರೀಪ್‌ನಲ್ಲಿ ನಮ್ಮ ಗೈಡ್ ಸೊಫಾಲ್. ಮೂವತ್ತರ ಆಸುಪಾಸಿನ, ಸಣಕಲು ಮೈಯ, ನಗುಮುಖದ ಮನುಷ್ಯ. ಮಧ್ಯಾಹ್ನ ನಾವು ನೋಡಲಿದ್ದ ತೇಲುವ ಹಳ್ಳಿಯೇ ಅವನ ಊರು. ಅಪ್ಪ, ಅಜ್ಜ ಎಲ್ಲ ಮೀನು ಹಿಡಿದವರು. ನೀರು ಬಿಟ್ಟು ಮೇಲೆ ಬಂದು ಇಂಗ್ಲಿಷ್ ಕಲಿತು ಗೈಡ್ ಆದವನು ಆ ಮನೆಗೆ ಇವನೇ ಮೊದಲು. ಅಂಗಿಯ ಮೇಲೆ ಸಂಖ್ಯೆ ಇರುವ ಒಂದು ಬಿಲ್ಲೆ. ಆ ಬಿಲ್ಲೆ ಇಲ್ಲದೆ ದೇವಾಲಯಗಳ ಆವರಣದಲ್ಲಿ ಯಾರೂ ಗೈಡ್ ಕೆಲಸ ಮಾಡುವಂತಿಲ್ಲ, ಮತ್ತು ಗುಂಪು ಒಳಗೆ ಏನೇ ಎಡವಟ್ಟು ಮಾಡಿದರೂ ಮೊದಲು ಕೇಳುವುದು ಆ ಬಿಲ್ಲೆಯವನನ್ನು. ಬಸ್ಸಿನಲ್ಲಿ ಅವನು ಇದನ್ನು ನಗುತ್ತಲೇ ಹೇಳಿದ. ನಮ್ಮವರೂ ನಕ್ಕರು.

ದೊಡ್ಡ ದೇವಾಲಯಗಳು ಮುಗಿದು, ಕಾಡಿನಂಚಿನ ಒಂದು ಪುಟ್ಟ ಶಿವಾಲಯಕ್ಕೆ ಬಂದೆವು. ಗುಂಪಿನ ಹಿರಿಯರೊಬ್ಬರಿಗೆ ಬಿಸಿಲಿಗೆ ತಲೆಸುತ್ತು ಬಂದು ನಾನು ಅವರ ಜೊತೆ ಬಸ್ಸಿನಲ್ಲೇ ಉಳಿದೆ. ಸ್ವಲ್ಪ ಹೊತ್ತಿಗೆ ಒಳಗಿನಿಂದ ಗದ್ದಲ ಕೇಳಿ ಓಡಿದೆ. ಗರ್ಭಗುಡಿಯ ಲಿಂಗಕ್ಕೆ ವಿಭೂತಿ, ಕುಂಕುಮ. ಪೀಠದ ಸುತ್ತ ತೆಂಗಿನಕಾಯಿಯ ನೀರು, ಒಡೆದ ಹೋಳುಗಳು. ಪೀಠದ ಅಂಚಿನ ಕಮಲದ ಕೆತ್ತನೆಯಲ್ಲಿ ಒಂದು ಎಸಳು ಕಿತ್ತುಬಂದು ಕಲ್ಲಿನ ಹಸಿ ಬಣ್ಣ ಕಾಣುತ್ತಿತ್ತು. ಡಾಕ್ಟರು ಮಾರುಕಟ್ಟೆಯಲ್ಲಿ ಕಾಯಿ ಕೊಂಡು ಚೀಲದಲ್ಲಿಟ್ಟುಕೊಂಡೇ ಬಂದಿದ್ದರು. ಸಾವಿರ ವರ್ಷದ ಪೀಠದ ಮೇಲೆ ಕಾಯಿ ಒಡೆದಿದ್ದರು! ಊರ ಗುಡಿಯಲ್ಲಿ ಒಡೆಯಲಿಕ್ಕೆ ಬೇರೆಯೇ ಕಲ್ಲು ಇಟ್ಟಿರುತ್ತಾರೆ ಅನ್ನುವಷ್ಟೂ ತಿಳಿಯದವರೇನಲ್ಲ.

ಇಬ್ಬರು ಕಾವಲುಗಾರರು ಸೊಫಾಲನ ಎದುರು ನಿಂತು ಕೂಗಾಡುತ್ತಿದ್ದರು. ಅವನು ತಲೆ ತಗ್ಗಿಸಿ ಏನೋ ಹೇಳಿದ. ಆಮೇಲೆ ಅಂಗಿಯಿಂದ ಬಿಲ್ಲೆ ಬಿಚ್ಚಿ ಅವರ ಕೈಗೆ ಕೊಟ್ಟ. ನಮ್ಮವರು ಅಷ್ಟರಲ್ಲಿ ಒಬ್ಬೊಬ್ಬರಾಗಿ ಬಸ್ಸಿನ ಎಸಿಗೆ ಹೋಗಿ ಕೂತಿದ್ದರು.

"ಅವರಿಗೆ ಏನು ಹೇಳಿದೆ?" ಎಂದು ಕೇಳಿದೆ.

"ಅತಿಥಿಗೆ ನಾನು ಮೊದಲೇ ಹೇಳಿರಲಿಲ್ಲ, ತಪ್ಪು ನನ್ನದು ಅಂದೆ. ಇಲ್ಲದಿದ್ದರೆ ಅವರನ್ನು ಇಲ್ಲೇ ಹಿಡಿದು ಕೂರಿಸುತ್ತಿದ್ದರು. ನಾಳೆ ನಿಮ್ಮೆಲ್ಲರ ವಿಮಾನ ಇದೆ ಮೇಡಂ."

ಡಾಕ್ಟರನ್ನು ಕೇಳಿದರೆ, "ನಮ್ಮ ದೇವರನ್ನ ನಮಗೇ ಮುಟ್ಟಬೇಡ ಅಂತಾನಲ್ರೀ ಅವನು! ಚಿಕ್ಕ ವಿಷಯ, ಬಿಡಿ. ಇವರ ಸಿಸ್ಟಮ್ಮೇ ಹಿಂಗೆ," ಅಂದರು. ನನ್ನ ಮೈ ಉರಿಯಿತು. ಆದರೆ ಅಷ್ಟು ಜನರ ವಿಮಾನದ ಮಾತು ಸೊಫಾಲನೇ ಎತ್ತಿದ್ದ. ಲ್ಯಾಂಡ್ ಏಜೆಂಟಿಗೆ ಫೋನ್ ಮಾಡಿದೆ. ಈಗ ಹೊರಡಿ, ವಿಚಾರಣೆಯ ಹೊತ್ತಿಗೆ ಬರಹದಲ್ಲಿ ಹೇಳಿಕೆ ಕೊಟ್ಟರೆ ಸಾಕು ಎಂದರು.

ಮಧ್ಯಾಹ್ನದ ಕೆಲಸವನ್ನು ಸೊಫಾಲ್ ಬಿಡಲಿಲ್ಲ. ಸರೋವರದ ಮೇಲೆ ಬಿಲ್ಲೆ ಬೇಕಿರಲಿಲ್ಲ. ಡ್ರಮ್ಮು, ಬಿದಿರು ಕಟ್ಟಿದ ತೆಪ್ಪಗಳ ಮೇಲೆ ಮನೆಗಳು. ಶಾಲೆ, ಕಿರಾಣಿ ಅಂಗಡಿ, ಹಂದಿಯ ಗೂಡು ಎಲ್ಲವೂ ನೀರಿನ ಮೇಲೆ. ಅವನು ಏನೂ ಆಗದವನ ಹಾಗೆ ವಿವರಿಸುತ್ತಾ ಹೋದ. ಅಷ್ಟರಲ್ಲಿ ಡಾಕ್ಟರು ಚೀಲದಿಂದ ಚಾಕೊಲೇಟ್ ತೆಗೆದು ನೀರಿಗೆ ಎಸೆಯತೊಡಗಿದರು. ಮಕ್ಕಳು ಅಗಲ ಪಾತ್ರೆಗಳಲ್ಲಿ ಕೂತು ಕೈಯಲ್ಲೇ ಹುಟ್ಟು ಹಾಕುತ್ತಾ ಬಂದವು, ಕೆಲವು ನೀರಿಗೇ ಹಾರಿದವು. ಕ್ಯಾಮೆರಾಗಳು ಕ್ಲಿಕ್ಕಿಸಿದವು. ನಾನು ಹೋಗಿ ಚೀಲ ಕಿತ್ತುಕೊಂಡೆ. ಕೊನೆಗೆ ಸೊಫಾಲನ ಮನೆಯ ಪಕ್ಕ ದೋಣಿ ನಿಂತಿತು. ಅವನ ತಾಯಿ ನಮಗೆಲ್ಲ ಚಹಾ ಕೊಟ್ಟಳು. ಒದ್ದೆ ಕೂದಲಿನ ಪುಟ್ಟ ಹುಡುಗಿಯೊಬ್ಬಳು ಚಾಕೊಲೇಟ್ ಹಿಡಿದುಕೊಂಡು ಬಂದು ಅವನ ತೊಡೆಗೆ ಒರಗಿ ನಿಂತಳು. ಅವನ ಮಗಳು.

ಜನವರಿಯಲ್ಲಿ ಲ್ಯಾಂಡ್ ಏಜೆಂಟಿನ ಇಮೇಲ್ ಬಂತು. ವಿಷಯ ಬಿಲ್ಲೆಯನ್ನು ಮೀರಿ ಬೆಳೆದಿತ್ತು. ಮುರಿದ ಎಸಳು ಅಲ್ಲಿ ಎಲ್ಲಿಯೂ ಸಿಕ್ಕಿರಲಿಲ್ಲ. ಆ ಕಡೆ ಹಳೆಯ ಕೆತ್ತನೆಗಳನ್ನು ಕದ್ದು ಮಾರುವ ದಂಧೆ ಇದ್ದುದರಿಂದ, ಸೊಫಾಲ್ ತಾನೇ ಎತ್ತಿ ಮಾರಿರಬೇಕೆಂಬ ಅನುಮಾನ ಹುಟ್ಟಿತ್ತು. ಮುಂದಿನ ತಿಂಗಳು ವಿಚಾರಣೆ. ಕಣ್ಣಾರೆ ಕಂಡವರು ಯಾರಾದರೂ ಹೇಳಿಕೆ ಕೊಡದಿದ್ದರೆ ಬಿಲ್ಲೆ ಶಾಶ್ವತವಾಗಿ ಹೋಗುತ್ತದೆ, ಜೈಲೂ ಆಗಬಹುದು.

ಕಾಯಿ ಒಡೆದಾಗ ನಾನು ಗುಡಿಯೊಳಗಿರಲಿಲ್ಲ, ನನ್ನ ಮಾತು ನಡೆಯುವಂತಿರಲಿಲ್ಲ. ಒಬ್ಬೊಬ್ಬರಿಗೇ ಫೋನ್ ಮಾಡಿದೆ. ಲಿಸ್ಲ್‌ನ ಎಂಜಿನಿಯರೊಬ್ಬರು, "ಮಗಳಿಗೆ ಡಾಕ್ಟ್ರ ಹಾಸ್ಪಿಟಲ್ಲಲ್ಲೇ ಸಮ್ಮರ್ ಇಂಟರ್ನ್‌ಶಿಪ್‌ಗೆ ಅಪ್ಲೈ ಮಾಡಿದೀವಿ, ಈಗ ಹೆಂಗೆ ಹೇಳಲಿ ಮೇಡಂ?" ಅಂದರು. ಇನ್ನೊಬ್ಬರು ತಾವು ಆ ಹೊತ್ತಿಗೆ ಗೋಪುರ ನೋಡುತ್ತಿದ್ದೆವು ಅಂದರು. ಕಾಯಿ ಒಡೆದಾಗ ಒಕ್ಕೊರಲಿನಿಂದ ಜೈಕಾರ ಹಾಕಿದ ಜನ ಇವರೇ ಎಂದು ನನಗೆ ಗೊತ್ತಾದದ್ದು ಆಮೇಲೆ!

ಡಾಕ್ಟರಿಗೂ ಮಾಡಿದೆ.

"ಚೂರು ಸಿಕ್ಕಿಲ್ಲವಂತೆ ಸರ್. ಅವನೇ ಮಾರಿದ ಅಂತಿದ್ದಾರೆ."

"ಯಾವ ಚೂರು? ನೋಡ್ರೀ, ನಾನು ಲೈಸೆನ್ಸ್ ಇರೋ ಡಾಕ್ಟರು. ನಾಳೆ ಇದು ಇಂಟರ್‌ನ್ಯಾಷನಲ್ ಕೇಸ್ ಆದ್ರೆ ನನ್ನ ಗತಿ ಏನು?"

"ನಿಮ್ಮದು ಲೈಸೆನ್ಸು, ಅವನದು ತಗಡಾ?" ಅಂದೆ. ಅವರು ಫೋನ್ ಇಟ್ಟರು.

ಆದರೂ ಫೆಬ್ರವರಿಯ ಮೊದಲ ಶನಿವಾರಕ್ಕೆ ಸುಮಿತ್ರಾ ನನ್ನನ್ನು ನಾರ್ತ್‌ವಿಲ್‌ಗೆ ಕರೆದರು. ಪ್ರವಾಸಕ್ಕೆ ಬಂದವರೆಲ್ಲ ಸೇರುತ್ತಾರೆ, ವಿಡಿಯೋ ನೋಡಿ ಊಟ ಮಾಡೋಣ, ನೀವು ಬರಲೇಬೇಕು ಅಂದರು. ಹಿಮ ಬೀಳುತ್ತಿದ್ದ ಹೆದ್ದಾರಿಯಲ್ಲಿ ಒಂದೊಂದೇ ಎಕ್ಸಿಟ್ ದಾಟುತ್ತಾ ಒಬ್ಬಳೇ ಡ್ರೈವ್ ಮಾಡಿಕೊಂಡು ಹೋದೆ. ಊಟಕ್ಕಲ್ಲ, ಜಗಳಕ್ಕೆ.

ಮನೆಯ ಬೇಸ್‌ಮೆಂಟಿನಲ್ಲಿ ದೊಡ್ಡ ಪರದೆ. ಪ್ರವಾಸದವರೆಲ್ಲ ಇದ್ದರು. ಡಾಕ್ಟರು ರಿಮೋಟ್ ಹಿಡಿದು ವಿವರಣೆ ಕೊಡುತ್ತಿದ್ದರು. ಶಿವಾಲಯ ಬಂದಾಗ ಎದೆಯುಬ್ಬಿಸಿ, "ಎಷ್ಟೋ ಶತಮಾನದ ಮೇಲೆ ಆ ಸ್ವಾಮಿಗೆ ಅಭಿಷೇಕ ಆಯ್ತು ನೋಡ್ರೀ, ನಮ್ಮ ಕೈಯಿಂದ," ಅಂದರು. ಚಪ್ಪಾಳೆ ಬಿತ್ತು.

ಪರದೆಯ ಮೇಲೆ ಡಾಕ್ಟರು ಕಾಯಿ ಎತ್ತಿದರು. ಪಕ್ಕದಿಂದ ಒಂದು ಸಣಕಲು ಕೈ ಬಂದು ಪೀಠದ ಮೇಲೆ ಅಂಗೈ ಹರವಿತು. "ಪ್ಲೀಸ್ ಸರ್, ನೋ. ಪ್ಲೀಸ್." ಸೊಫಾಲನ ಧ್ವನಿ. ಡಾಕ್ಟರು ಆ ಅಂಗೈಯನ್ನು ಎಡಗೈಯಿಂದ ಸರಿಸಿ ಕಾಯಿ ಒಡೆದರು. ಜೈಕಾರ. ಆಮೇಲೆ ಅವರು ಬಗ್ಗಿ ನೆಲದಿಂದ ಏನನ್ನೋ ಹೆಕ್ಕಿ, ಭಕ್ತಿಯಿಂದ ಕಣ್ಣಿಗೊತ್ತಿಕೊಂಡು, ಜೇಬಿಗೆ ಹಾಕಿಕೊಂಡರು.

"ಸಾಕು, ಊಟ ಆರಿ ಹೋಗ್ತದೆ," ಎಂದು ಡಾಕ್ಟರು ರಿಮೋಟ್ ಒತ್ತಿದರು. ಚಿತ್ರ ಅಲ್ಲೇ ನಿಂತುಬಿಟ್ಟಿತು, ಕೈ ಜೇಬಿನಲ್ಲಿದ್ದ ಹಾಗೆಯೇ.

ನಾನು ಎದ್ದು ನಿಂತೆ. "ಯಾವ ಚೂರು ಅಂತ ಕೇಳಿದ್ರಲ್ಲ ಸರ್ ಫೋನಲ್ಲಿ. ಅದೇ ಚೂರು. ಎಲ್ಲಿದೆ?"

ಅವರ ಮುಖ ಕೆಂಪಗಾಯಿತು. "ಶಾಹಿದಾ ಅವರೇ, ಬೇಜಾರು ಮಾಡ್ಕೋಬೇಡಿ. ಅದು ಪ್ರಸಾದ. ಇದು ನಮ್ಮ ಭಕ್ತಿಯ ವಿಷಯ, ನಿಮಗೆ ಅರ್ಥ ಆಗಲ್ಲ."

ಎಷ್ಟು ನಯವಾಗಿ ಹೇಳಿದರು! ನಮ್ಮಪ್ಪ ಹಂಪಿಯಲ್ಲಿ ಕಲ್ಲಿನ ಮೇಲೆ ಹೆಸರು ಕೊರೆದ ಗಿರಾಕಿಯನ್ನು ಅಲ್ಲೇ ಇಳಿಸಿ ಬಂದವರು. ಅವರು ಯಾವ ದೇವರಿಗೆ ನಮಾಜು ಮಾಡುತ್ತಿದ್ದರು ಎಂದು ಆ ಕಲ್ಲು ಕೇಳಿರಲಿಲ್ಲ.

"ನನಗೆ ಅರ್ಥ ಆಗೋದು ಬೇಡ ಸರ್. ನಿಮ್ಮ ಪ್ರಸಾದಕ್ಕೆ ಒಬ್ಬ ಮನುಷ್ಯ ಜೈಲಿಗೆ ಹೋಗ್ತಿದ್ದಾನೆ. ಅದು ನಿಮಗೆ ಅರ್ಥ ಆದ್ರೆ ಸಾಕು," ಅಂದೆ.

ಸುಮಿತ್ರಾ ಆಗಲೇ ಮೆಟ್ಟಿಲು ಹತ್ತುತ್ತಿದ್ದರು. ಕೆಳಗೆ ಬಂದಾಗ ಅಂಗೈಯಲ್ಲಿ ಆ ಕಲ್ಲಿನ ಎಸಳು, ಮೇಲೆ ಅವತ್ತಿನ ಪೂಜೆಯ ಕುಂಕುಮ.

"ದೇವರಮನೆಯಿಂದ ತೆಗೀಬ್ಯಾಡ ಸುಮಿತ್ರಾ, ಅಪಚಾರ!" ಎಂದು ಡಾಕ್ಟರು ಕೂಗಿದರು.

"ಅಪಚಾರ ಅಲ್ಲೇ ಆಗಿ ಹೋಯ್ತು. ವಿಡಿಯೋ ತೆಗೆದೋಳು ನಾನು, ಆ ಹುಡುಗ ಕೈ ಅಡ್ಡ ಇಟ್ಟಿದ್ದನ್ನ ನೋಡಿದೋಳು ನಾನು. ದಿನಾ ಇದರ ಮುಂದೆ ದೀಪ ಹಚ್ಚೋಳೂ ನಾನೇ. ನನ್ನ ಕೈಲಿ ಆಗಲ್ಲ," ಅಂದರು. ಆಮೇಲೆ ನನ್ನ ಕಡೆ ತಿರುಗಿ, "ನಿಮ್ಮನ್ನ ಊಟಕ್ಕೆ ಅಂತ ಕರೀಲಿಲ್ಲ ಶಾಹಿದಾ. ಒಬ್ಬಳಿಗೇ ಇದನ್ನ ಮಾಡೋ ಧೈರ್ಯ ಇರಲಿಲ್ಲ."

ಟೇಪು, ಎಸಳು, ಸುಮಿತ್ರಾ ಅವರ ಹೇಳಿಕೆ ಮೂರನ್ನೂ ಆ ದೇಶದ ರಾಯಭಾರ ಕಚೇರಿಯ ಮೂಲಕ ಕಳಿಸಿದೆವು. ವಿಚಾರಣೆಗೆ ಸರಿಯಾಗಿ ತಲುಪಿದವು. ಮಾರ್ಚಿನಲ್ಲಿ ಸೊಫಾಲ್ ಫೋನ್ ಮಾಡಿದ. ಹಿಂದೆ ದೋಣಿಯ ಮೋಟಾರಿನ ಸದ್ದು. ಬಿಲ್ಲೆ ವಾಪಸ್ ಬಂತು, ನಾಳೆಯಿಂದ ಮತ್ತೆ ದೇವಾಲಯ ಅಂದ. ಡಾಕ್ಟರ ಬಗ್ಗೆ ಒಂದು ಮಾತೂ ಆಡಲಿಲ್ಲ. "ಆ ಅಮ್ಮನಿಗೆ ಮನೆಯಲ್ಲಿ ತೊಂದರೆ ಆಯಿತೇ?" ಎಂದು ಮಾತ್ರ ಕೇಳಿದ.

ಕಥೆ ಇಲ್ಲಿಗೆ ಮುಗಿದಿದ್ದರೆ ನನ್ನ ಸಿಟ್ಟೂ ಆರುತ್ತಿತ್ತೇನೋ. ಆ ಬೇಸಿಗೆಯಲ್ಲಿ ನಮ್ಮ ಜನರ ಸಮಾರಂಭವೊಂದರಲ್ಲಿ ಡಾಕ್ಟರ್ ಪ್ರಭಾಕರ್ ಅವರಿಗೆ ಸನ್ಮಾನ ಇಟ್ಟರು. ಪ್ರಾಚೀನ ಶಿಲ್ಪದ ತುಣುಕೊಂದನ್ನು ಗುರುತಿಸಿ ಅದರ ಮೂಲಸ್ಥಾನಕ್ಕೆ ಮರಳಿಸಿದ್ದಕ್ಕಂತೆ! ಶಾಲು, ಹಾರ, ಹಣ್ಣಿನ ಬುಟ್ಟಿ. ನಾನು ಕೊನೆಯ ಸಾಲಿನಲ್ಲಿ ಕೂತಿದ್ದೆ. ಸುಮಿತ್ರಾ ವೇದಿಕೆ ಹತ್ತದೆ ನನ್ನ ಪಕ್ಕ ಬಂದು ಕೂತರು. ಡಾಕ್ಟರು ಮೈಕ್ ಹಿಡಿದು ಪರಂಪರೆಯ ಬಗ್ಗೆ ಮಾತಾಡಿದರು, ಆ ನಾಡಿನ ಬಡಜನರ ಬಗ್ಗೆ ಮರುಗಿದರು.

ನನಗೆ ತಡೆಯಲಾಗಲಿಲ್ಲ. ಕೂತಲ್ಲಿಂದಲೇ ಕೂಗಿದೆ: "ಡಾಕ್ಟ್ರೇ, ಆ ಗೈಡ್ ಹೆಸರೇನು?"

ಸಭೆ ತಿರುಗಿ ನೋಡಿತು. ಡಾಕ್ಟರು ಶಾಲು ಸರಿಮಾಡಿಕೊಂಡರು. ಹೆಸರು ಅವರಿಗೆ ಗೊತ್ತಿರಲಿಲ್ಲ. ಮರೆತದ್ದಲ್ಲ, ಯಾವತ್ತೂ ಕೇಳಿಯೇ ಇರಲಿಲ್ಲ. ಅವರ ಕಣ್ಣು ಹೆಂಡತಿಯನ್ನು ಹುಡುಕಿತು. ಸುಮಿತ್ರಾ ಎದ್ದು ನಿಂತು ಎಲ್ಲರಿಗೂ ಕೇಳುವಂತೆ ಹೇಳಿದರು: "ಸೊಫಾಲ್."

ಆ ವರ್ಷ ನನ್ನ ಗಿರಾಕಿಗಳಲ್ಲಿ ಬಹಳ ಜನ ನನ್ನನ್ನು ಬಿಟ್ಟರು. ಹೋಗಲಿ. ಈ ಕಸುಬು ನನಗೆ ಕಲಿಸಿದ ಪಾಠ ಇಷ್ಟೇ: ಕಲ್ಲಿನ ದೇವರನ್ನು ನೋಡಲು ಹೋದವರು ಅದನ್ನು ತೋರಿಸುವ ಮನುಷ್ಯನನ್ನು ಮೊದಲು ನೋಡಬೇಕು. ಆಮೇಲೆ ಏಜೆನ್ಸಿ ಮುಚ್ಚುವ ತನಕ ಯಾವ ಪ್ರವಾಸಕ್ಕೇ ಆಗಲಿ, ಪಾಸ್‌ಪೋರ್ಟಿನ ಮಾತು ಎತ್ತುವ ಮೊದಲು ಅಲ್ಲಿನ ಗೈಡಿನ ಹೆಸರು ಹೇಳುತ್ತಿದ್ದೆ, ಕೂತವರೆಲ್ಲರ ಬಾಯಲ್ಲೂ ಹೇಳಿಸುತ್ತಿದ್ದೆ. ಕೆಲವರು ನಗುತ್ತಿದ್ದರು. ಹೇಳಲು ಒಲ್ಲದವರಿಗೆ ನನ್ನ ಬಸ್ಸಿನಲ್ಲಿ ಸೀಟು ಇರಲಿಲ್ಲ.