ಪೌಡರ್ ಒರೆಸುವ ದೃಶ್ಯ

ನನ್ನ ತಂಗಿಗೆ ಮೂಗಿನ ತುದಿಯಲ್ಲೇ ಸಿಟ್ಟು ಅಂತ ಎಲ್ಲರೂ ಆಡಿಕೊಳ್ಳುತ್ತಾರೆ. ಆಡಿಕೊಳ್ಳಲಿ. ಅವಳ ಜಾಗದಲ್ಲಿ ನಾನಿದ್ದಿದ್ದರೆ ಮನೆಯ ಪಾತ್ರೆಪಗಡೆ ಒಂದೂ ನೆಟ್ಟಗೆ ಉಳಿಯುತ್ತಿರಲಿಲ್ಲ. ಚಿಕ್ಕವಳಿದ್ದಾಗಲೇ ಅವಳ ಕೆನ್ನೆ, ಕುತ್ತಿಗೆಯ ಮೇಲೆ ತೊನ್ನಿನ ಬಿಳಿ ಮಚ್ಚೆಗಳು ಕಾಣಿಸಿಕೊಂಡವು. ಅಂದಿನಿಂದ ಅಮ್ಮ ದಿನಾ ಬೆಳಿಗ್ಗೆ ಅವಳ ಮುಖಕ್ಕೆ ಪೌಡರ್ ಮೆತ್ತಿಯೇ ಹೊರಗೆ ಬಿಡುತ್ತಿದ್ದಳು. ನೆಂಟರು ಬಂದರಂತೂ ಗೋಡೆಗೆ ಸುಣ್ಣ ಬಳಿದ ಹಾಗೆ ಎರಡು ಪದರ.

ನಟಿಯಾಗಬೇಕು ಅಂತ ಹೊರಟಾಗ ದೊಡ್ಡ ಸಿನಿಮಾದವರು ಅವಳನ್ನು ಹತ್ತಿರ ಸೇರಿಸಲಿಲ್ಲ. ಕೈಯಿಂದ ದುಡ್ಡು ಹಾಕಿ ಸಣ್ಣ ಸಿನಿಮಾ ಮಾಡುವವರ ಜೊತೆ ನಟಿಸತೊಡಗಿದಳು. ಅಲ್ಲೂ ಮೇಕಪ್ಪೇ. ಈ ಸಲ ಮಾತ್ರ ಹಟ ಹಿಡಿದು ಕಥೆಯನ್ನು ತಾನೇ ಬರೆದಳು: ಒಬ್ಬಳು ಕನ್ನಡಿ ಮುಂದೆ ಕೂತು ಒದ್ದೆ ಬಟ್ಟೆಯಿಂದ ಪೌಡರ್ ಒರೆಸಿಕೊಳ್ಳುತ್ತಾಳೆ, ಅಡಿಯಲ್ಲಿದ್ದ ಮಚ್ಚೆಗಳು ಒಂದೊಂದಾಗಿ ಕಾಣುತ್ತವೆ. ಇಡೀ ಸಿನಿಮಾ ನಿಂತಿದ್ದೇ ಆ ದೃಶ್ಯದ ಮೇಲೆ. ಅದು ಮುಗಿದ ದಿನ ಅವಳು ಬರೀ ಮುಖದಲ್ಲೇ ಬಸ್ಸು ಹತ್ತಿ ಮನೆಗೆ ಬಂದಳು. ನನ್ನ ಹೊಟ್ಟೆ ತಣ್ಣಗಾಯಿತು.

ಸಿನಿಮಾ ಬಿಡುಗಡೆಯಾಗುವ ಮುಂಚೆ ಒಮ್ಮೆ ನೋಡಲು ಇಬ್ಬರೂ ಹೋದೆವು. ಕಿಟಕಿಯಿಲ್ಲದ ಕೋಣೆ, ಎರಡು ಕಂಪ್ಯೂಟರ್, ಕಾಲಿಗೆ ತೊಡರುವ ವೈರುಗಳು. ಪರದೆಯ ಮೇಲೆ ನನ್ನ ತಂಗಿ ಒರೆಸಿದಳು, ಒರೆಸಿದಳು, ಮಚ್ಚೆ ಬರಲೇ ಇಲ್ಲ. ಎಲ್ಲ ನುಣ್ಣಗಿತ್ತು.

"ಪೌಡರ್ ಒರೆಸಿದ್ರೆ ಕೆಳಗೆ ಇನ್ನೊಂದು ಪೌಡರಾ?" ಅಂದಳು.

ಚಿತ್ರದ ಬಣ್ಣ ತಿದ್ದುವವನು ತಲೆ ಕೆರೆದುಕೊಂಡ. "ನಿಮ್ಮಮ್ಮನೇ ಬಂದು ಕೈ ಮುಗಿದು ಕೇಳಿಕೊಂಡ್ರು ಮೇಡಂ."

ನಿರ್ದೇಶಕ ಮಧ್ಯೆ ಬಾಯಿ ಹಾಕಿದ. "ನೋಡೋಕೂ ಚೆನ್ನಾಗಿದೆಯಲ್ಲ? ಅದಕ್ಕೇ ಆಯ್ತು ಅಂದೆ."

ಕಥೆ ಓದಿ ಕಣ್ಣೀರು ಹಾಕಿದ್ದ ಮಹಾನುಭಾವ ಇವನೇ. ನನಗೆ ಮೈಯೆಲ್ಲ ಉರಿಯಿತು.

"ಹಾಗಾದ್ರೆ ನನ್ನ ಹೆಸರೂ ಅಳಿಸಿ. ಆ ಮುಖ ಯಾರದೋ ಅವರ ಹೆಸರು ಹಾಕಿಕೊಳ್ಳಿ," ಅಂದಳು ತಂಗಿ.

ನಿರ್ದೇಶಕ ಬಣ್ಣ ತಿದ್ದುವವನಿಗೆ ಮೊದಲಿನ ಹಾಗೇ ಮಾಡು ಅಂದ. ಮಚ್ಚೆಗಳೆಲ್ಲ ವಾಪಸ್ ಬರುವ ತನಕ ಅವಳು ಕುರ್ಚಿ ಬಿಟ್ಟು ಏಳಲಿಲ್ಲ.

ಮನೆಗೆ ಬಂದಾಗ ಅಮ್ಮ ಒಗೆದ ಬಟ್ಟೆ ಮಡಚುತ್ತಿದ್ದಳು.

"ಯಾಕಮ್ಮ ಹೋಗಿದ್ದೆ ಅಲ್ಲಿಗೆ?" ತಂಗಿ ಕೇಳಿದಳು.

"ಜನ ನಿನ್ನ ನೋಡಿ ಏನಾದ್ರೂ ಅಂದ್ರೆ ನನ್ನ ಕರುಳು ತಡೆಯಲ್ಲ ಕಣೇ."

"ಜನ ಒಂದ್ಸಲ ನೋಡ್ತಾರೆ, ಮರೀತಾರೆ. ದಿನಾ ಬೆಳಿಗ್ಗೆ ಎಬ್ಬಿಸಿ ನನ್ನ ಮುಖ ಮುಚ್ಚಿದ್ದು ನೀನು."

ಅಮ್ಮ ಅಳತೊಡಗಿದಳು. ಅಮ್ಮನ ಪರ ಒಂದು ಮಾತಾಡೋಣ ಅಂದುಕೊಂಡೆ. ಒಂದೂ ಸಿಗಲಿಲ್ಲ.