ಗೇಟು ಹಾಕಿದವರು

ಅಹಮದಾಬಾದಿನ ಹೈಕೋರ್ಟಿನಲ್ಲಿ ನಾನು ನ್ಯಾಯಮೂರ್ತಿಯೊಬ್ಬರ ಸಂಶೋಧನಾ ಸಹಾಯಕಿಯಾಗಿದ್ದೆ. ಗುಂಪು ಹಲ್ಲೆಯ ಪ್ರಕರಣಗಳಲ್ಲಿ ಬಂಧನಕ್ಕೆ ಮೊದಲೇ ಜಾಮೀನು ಕೋರಿ ಬರುವ ಅರ್ಜಿಗಳನ್ನು ಓದಿ, ಎರಡು ಪುಟದ ಟಿಪ್ಪಣಿ ಬರೆದುಕೊಡುವುದು ನನ್ನ ಕೆಲಸ. ಅಪ್ಪನಿಗೆ ವಿಮಾ ಕಂಪನಿಯಲ್ಲಿ ವರ್ಗವಾಗಿದ್ದರಿಂದ ಹುಬ್ಬಳ್ಳಿ ಬಿಟ್ಟು ವಡೋದರಾದಲ್ಲಿ ಬೆಳೆದವಳು ನಾನು. ಗುಜರಾತಿ ಸರಾಗವಾಗಿ ಬರುತ್ತಿತ್ತು. ಹಾಗಾಗಿ ಮೊಬೈಲ್ ವಿಡಿಯೋಗಳೆಲ್ಲ ನನ್ನ ಪಾಲಿಗೇ ಬರುತ್ತಿದ್ದವು.

ಆರೋಪಿಗಳ ಹೆಸರು ಗೊತ್ತಾದರೆ ಕಣ್ಣು ಅವರನ್ನೇ ಹುಡುಕುತ್ತದೆ. ಅದಕ್ಕೇ ಅರ್ಜಿ ಓದುವ ಮೊದಲು ವಿಡಿಯೋ ನೋಡುತ್ತಿದ್ದೆ.

ಆ ಮಧ್ಯಾಹ್ನ ನೋಡಿದ್ದು ಕಂಬಳಿ ಮಾರುವವನೊಬ್ಬನನ್ನು ಮಕ್ಕಳ ಕಳ್ಳನೆಂದು ಹೊಡೆದದ್ದು. ಅವನು ಮೂರನೆಯ ದಿನ ಆಸ್ಪತ್ರೆಯಲ್ಲಿ ತೀರಿಕೊಂಡಿದ್ದ. ಮೊದಲು ದನಿಯಿಲ್ಲದೆ ನೋಡಿದೆ. ಹಿಂದೆ ನಿಂತವರ ಮುಖಗಳು ಬಸ್ಸಿಗೆ ಕಾಯುವವರ ಹಾಗೆ ತಣ್ಣಗಿದ್ದವು. ದನಿ ಹಾಕಿದಾಗ ಯಾವುದೋ ಮನೆಯ ಕುಕ್ಕರ್ ಕೂಗಿತು. ಯಾರೋ ಮಗುವನ್ನು ಊಟಕ್ಕೆ ಕರೆದರು.

ಆಮೇಲೆ ಒಂದು ಬೇವಿನ ಮರ ಕಂಡಿತು. ಅದರ ಹಿಂದೆ ಹಸಿರು ಬಣ್ಣದ ಬಾಲ್ಕನಿ. ಆ ಬಾಲ್ಕನಿಯಲ್ಲಿ ಕೂತು ನಾನು ಮಗ್ಗಿ ಬಾಯಿಪಾಠ ಮಾಡಿದ್ದೆ. ಅದು ಹನ್ನೆರಡು ವರ್ಷದ ಹಿಂದೆ ಅಪ್ಪ ಅವ್ವ ಹುಬ್ಬಳ್ಳಿಗೆ ಮರಳುವಾಗ ನಾವು ಬಿಟ್ಟುಬಂದ, ವಡೋದರಾದ ವಸತಿ ಸೊಸೈಟಿ.

ಕಂಬಳಿಯವನು ಓಡಿಬಂದು ಸೊಸೈಟಿಯ ಗೇಟು ಹಿಡಿದುಕೊಂಡ. ಒಳಗಿದ್ದ ಬಿಳಿ ಅಂಗಿಯವರೊಬ್ಬರು ಗೇಟು ಮುಚ್ಚುತ್ತಿದ್ದರು. ಅವನ ಕೈ ಅಡ್ಡ ಬಂತು. ಅವರು ಬೈಯಲಿಲ್ಲ, ನೂಕಲಿಲ್ಲ. ಅವನ ಬೆರಳುಗಳನ್ನು ಒಂದೊಂದಾಗಿ, ಮೆಲ್ಲಗೆ, ನಿದ್ದೆ ಹೋದ ಮಗುವಿನ ಮುಷ್ಟಿ ಬಿಡಿಸುವ ಹಾಗೆ ಬಿಡಿಸಿ ಚಿಲಕ ಹಾಕಿದರು. ಆಮೇಲೆ ತಲೆಯೆತ್ತಿದರು. ನನಗೆ ಸೈಕಲ್ ಕಲಿಸಿದ, ಪಕ್ಕದ ಮನೆಯ ಕಾಕಾ.

ಸಂಜೆ ಹುಬ್ಬಳ್ಳಿಯಿಂದ ಅವ್ವನ ಫೋನು ಬಂತು.

"ಕಾಕಾನ ಹೆಂಡ್ತಿ ಫೋನ್ ಮಾಡಿದ್ರವಾ. ಮಕ್ಕಳು ನೋಡಬಾರದಂತ ಗೇಟ್ ಹಾಕ್ಯಾರಂತ. ಅಷ್ಟಕ್ಕ ಕೇಸಿನಾಗ ಹೆಸರು ಸೇರಿಸ್ಯಾರ. ನೀ ಕೋರ್ಟಿನಾಗ ಇದ್ದೀಯಲ್ಲ..."

"ಅವ್ವಾ, ಈ ವಿಷಯ ನನ್ನ ಕೂಡ ಮಾತಾಡಬ್ಯಾಡ."

"ನಿನಗ ಸೈಕಲ್ ಕಲಿಸಿದವರು ಅವರು."

"ಗೊತ್ತೈತಿ. ಅದಕ್ಕ ಬ್ಯಾಡ ಅಂದೆ."

ಮರುದಿನ ಬೆಳಿಗ್ಗೆಯೇ ಸಾಹೇಬರ ಮುಂದೆ ನಿಂತು, ಅರ್ಜಿದಾರರಲ್ಲೊಬ್ಬರು ನಮಗೆ ಬೇಕಾದವರು, ಮನೆಗೆ ಫೋನೂ ಬಂದಿದೆ ಎಂದು ಹೇಳಿದೆ. ಅವರು ಯಾರೆಂದು ಕೇಳಲಿಲ್ಲ, ನಾನು ಕಂಡದ್ದೇನೆಂದೂ ಕೇಳಲಿಲ್ಲ. "ಫೈಲ್ ಇಲ್ಲಿಟ್ಟು ಹೋಗಿ. ಇನ್ನು ಇದನ್ನು ಮುಟ್ಟಬೇಡಿ" ಎಂದರು.

ಹೊರಗೆ ನನ್ನ ಮೇಜಿಗೆ ಬಂದು ಕೂತೆ. ಸ್ವಲ್ಪ ಹೊತ್ತಿಗೆ ಮುಚ್ಚಿದ ಬಾಗಿಲಿನಾಚೆ ಕುಕ್ಕರ್ ಕೂಗಿತು. ನಿಂತಿತು. ಮತ್ತೆ ಕೂಗಿತು. ಮತ್ತೊಮ್ಮೆ. ಸಾಹೇಬರು ವಿಡಿಯೋವನ್ನು ಅದೇ ಜಾಗಕ್ಕೆ ತಿರುಗಿಸಿ ತಿರುಗಿಸಿ ನೋಡುತ್ತಿದ್ದರು.

ವಿಚಾರಣೆಯಾಗಿ ನಾಲ್ಕು ದಿನಕ್ಕೆ ಆದೇಶ ಬಂತು. ಸುಮ್ಮನೆ ನಿಂತಿದ್ದ ಮೂವರಿಗೆ ಜಾಮೀನು ಸಿಕ್ಕಿತು. ಕಾಕಾನಿಗೆ ಸಿಗಲಿಲ್ಲ.

ಕಾರಿಡಾರಿನಲ್ಲಿ ಅವರ ಹೆಂಡತಿ ನನ್ನ ಗುರುತು ಹಿಡಿದರು. ಅಳುತ್ತಾರೆಂದುಕೊಂಡೆ. ಅಳಲಿಲ್ಲ. ಗುಜರಾತಿಯಲ್ಲಿ ಕೇಳಿದರು: "ಬೇಟಾ, ಆ ವಿಡಿಯೋದಲ್ಲಿ ಏನಿದೆ? ನನಗೆ ಯಾರೂ ತೋರಿಸುತ್ತಿಲ್ಲ."

"ನಾನು ಹೇಳುವ ಹಾಗಿಲ್ಲ, ಕಾಕಿ."

ಅವರು ಸೆರಗು ಸರಿಮಾಡಿಕೊಂಡರು. "ಅವತ್ತು ಒಳಗೆ ಬಂದು ಕೈ ತೊಳೆದು ಊಟಕ್ಕೆ ಕೂತರು. ಮಜ್ಜಿಗೆ ಕಢಿ ಚೆನ್ನಾಗಿದೆ, ಇನ್ನೊಂಚೂರು ಹಾಕು ಅಂದರು. ಹೊರಗೆ ಏನು ಗಲಾಟೆ ಅಂತ ಕೇಳಿದೆ. ಏನೂ ಇಲ್ಲ ಅಂದರು. ನಾನು ಬಡಿಸಿದೆ."

ಮುಂದಿನ ವಾರ ಕಾಕಾ ಪೊಲೀಸರಿಗೆ ಶರಣಾದರೆಂದು ಅವ್ವನಿಂದ ತಿಳಿಯಿತು. ಕಾಕಾ ಕೆಟ್ಟವರೆಂದು ನನ್ನನ್ನು ನಾನೇ ನಂಬಿಸಲು ಎಷ್ಟೋ ಸಲ ಪ್ರಯತ್ನಿಸಿದ್ದೇನೆ. ಅವರು ಕೆಟ್ಟವರೇ ಆಗಿದ್ದರೆ ನನಗೆ ಇಷ್ಟು ಹೆದರಿಕೆಯಾಗುತ್ತಿರಲಿಲ್ಲ.