ಮುಂಬ್ರಾ ದಾರಿಯಾಗಿ ಬ್ಯೂಟ್‌ಷೈರಿಗೆ

ನಾನು ಸ್ಕಾಟ್ಲೆಂಡಿಗೆ ಹೋದವಳಲ್ಲ. ಹೋಗುವ ಅಂದಾಜೂ ಇಲ್ಲ. ಪುಣೆಗೆ ಹೋದರೇ ನನಗೆ ನೆಗಡಿಯಾಗುತ್ತದೆ. ಆದರೂ ಆ ದೇಶದ ಪಶ್ಚಿಮದ ಕಡಲಲ್ಲಿರುವ ಬ್ಯೂಟ್‌ಷೈರ್ ಎಂಬ ಪುಟ್ಟ ದ್ವೀಪಜಿಲ್ಲೆ ಹಿಂದಿನ ಕಾಲದಲ್ಲಿ ಪಾರ್ಲಿಮೆಂಟಿಗೆ ಯಾರನ್ನು ಹೇಗೆ ಕಳಿಸುತ್ತಿತ್ತು ಎಂದು ಕೇಳಿದರೆ ಅರ್ಧ ಗಂಟೆ ನಿಲ್ಲದೆ ಹೇಳಬಲ್ಲೆ. ಯಾರೂ ಕೇಳುವುದಿಲ್ಲ ಎನ್ನುವುದು ಬೇರೆ ಮಾತು. ಡೊಂಬಿವಲಿಯ ನಮ್ಮ ವಾರ್ಡಿನಿಂದ ಆರಿಸಿ ಬಂದವರು ಯಾರು ಎಂದು ಕೇಳಿದರೆ ಮಾತ್ರ ಗಂಡನ ಮುಖ ನೋಡುತ್ತೇನೆ.

ಈ ಪಾಂಡಿತ್ಯ ನನಗೆ ಬಂದದ್ದು ಎಪ್ಪತ್ತರ ದಶಕದ ಕೊನೆಯಲ್ಲಿ, ಮುಂಬೈ ಲೋಕಲ್ ರೈಲಿನ ಹೆಂಗಸರ ಡಬ್ಬಿಯಲ್ಲಿ, ಹೆಚ್ಚಿನ ಪಾಲು ನಿಂತುಕೊಂಡೇ.

ಆಗ ನಾನು ಠಾಣೆ ಊರಿನ ಒಂದು ಕಚೇರಿಯಲ್ಲಿ ಟೈಪಿಸ್ಟ್. ಮದುವೆಯ ಗಡಿಬಿಡಿಯಲ್ಲಿ ಅರ್ಧಕ್ಕೆ ಬಿಟ್ಟಿದ್ದ ಬಿ.ಎ.ಯನ್ನು ಮೂವತ್ತಮೂರನೆಯ ವಯಸ್ಸಿನಲ್ಲಿ, ಕಾಲೇಜಿಗೆ ಹೋಗದೆ ಹೊರಗಿನಿಂದಲೇ ಪರೀಕ್ಷೆ ಕಟ್ಟಿ ಮುಗಿಸುತ್ತೇನೆಂದು ಹೊರಟಿದ್ದೆ. ಮನೆಯಲ್ಲಿ ಯಾರೂ ಬೇಡ ಎನ್ನಲಿಲ್ಲ. ಆಗಲಿ ಎಂದೂ ಅನ್ನಲಿಲ್ಲ. ಉಡುಪಿಯಿಂದ ಬಂದಿದ್ದ ಅತ್ತಿಗೆ ಮಾತ್ರ, "ಇನ್ನು ಓದಿ ಎಂತ ಮಾಡ್ಲಿಕ್ಕುಂಟು? ಮಕ್ಕಳಿಗಾದ್ರೂ ಓದ್ಲಿಕ್ಕೆ ಬಿಡು ಮಾರಾಯ್ತಿ" ಎಂದಿದ್ದರು. ಕೊನೆಯ ವರ್ಷದ ಒಂದು ಪತ್ರಿಕೆ ಬ್ರಿಟಿಷ್ ಸಂವಿಧಾನದ ಚರಿತ್ರೆ. ಅದಕ್ಕೆ ಬೇಕಾದ ದಪ್ಪ ಪುಸ್ತಕ ಠಾಣೆಯ ವಾಚನಾಲಯದಲ್ಲಿ ಇದ್ದದ್ದು ಒಂದೇ ಪ್ರತಿ. ಮೂರು ಸಲ ಹೋದೆ. ಮೂರು ಸಲವೂ "ಒಬ್ಬ ಬಾಯಿ ತಗೊಂಡು ಹೋಗಿದ್ದಾರೆ" ಎಂಬ ಉತ್ತರ. ಮರಾಠಿಯಲ್ಲಿ ಬಾಯಿ ಎಂದರೆ ಹೆಂಗಸು; ಆ ಬಾಯಿಗೆ ಮನಸ್ಸಿನಲ್ಲೇ ತುಳುವಿನಲ್ಲಿ ಬೈದೆ. ತುಳುವಿನಲ್ಲಿ ಬೈದರೆ ಒಳಗಿನ ಬಿಸಿ ಬೇಗ ಆರುತ್ತದೆ.

ಅದೇ ದಿನಗಳಲ್ಲಿ ನನಗೆ ಇನ್ನೊಬ್ಬ ಶತ್ರುವೂ ಇದ್ದರು. ಬೆಳಗಿನ ಸ್ಲೋ ಗಾಡಿ ಕಲ್ಯಾಣದಲ್ಲೇ ತುಂಬಿ ಬರುತ್ತಿತ್ತು. ಮೂವರಿಗೆಂದು ಮಾಡಿದ ಬೆಂಚಿನಲ್ಲಿ ನಾಲ್ವರು ಕೂತಿರುತ್ತಿದ್ದರು. ಡೊಂಬಿವಲಿಯಲ್ಲಿ ಹತ್ತುವ ನಮಗೆ ಮೇಲಿನ ಹಿಡಿಕೆಯೇ ಗತಿ. ಆದರೆ ಡಬ್ಬಿಗೆ ಅದರದ್ದೇ ಧರ್ಮವೊಂದಿತ್ತು: ಠಾಣೆಗೆ ಅರ್ಧ ದಾರಿಯಲ್ಲಿ ಮುಂಬ್ರಾ ಸ್ಟೇಷನ್ ಬಂದಾಗ ಕೂತವರು ಎದ್ದು, ನಿಂತವರಿಗೆ ಜಾಗ ಕೊಡಬೇಕು. ಎಲ್ಲರೂ ಏಳುತ್ತಿದ್ದರು. ಕಿಟಕಿ ಪಕ್ಕದ ಆ ಒಬ್ಬ ಹೆಂಗಸು ಮಾತ್ರ ಏಳುತ್ತಿರಲಿಲ್ಲ. ನಲವತ್ತು ದಾಟಿದವರು, ಇಳಕಲ್ ಸೀರೆ, ತೊಡೆಯ ಮೇಲೆ ಕಾಗದ ಹೊದಿಸಿದ ಯಾವುದೋ ಪುಸ್ತಕ. ನಾನು ನನ್ನ ಮುರುಕು ಮರಾಠಿಯಲ್ಲಿ, "ಉಠಾ ನಾ ಬಾಯಿ, ಆತಾ ಆಮ್ಚೀ ಪಾಳಿ" ಎಂದು ನಮ್ಮ ಪಾಳಿಯ ಹಕ್ಕು ಕೇಳುತ್ತಿದ್ದೆ. ಅವರು ನನ್ನದಕ್ಕಿಂತ ತುಸು ಗಟ್ಟಿಯಾದ ಮರಾಠಿಯಲ್ಲಿ ಏಳುವುದಿಲ್ಲ ಎನ್ನುತ್ತಿದ್ದರು. ಹೀಗೆ ಒಂದು ತಿಂಗಳು ನಡೆಯಿತು.

ಒಂದು ಬೆಳಿಗ್ಗೆ ಜನರ ತಳ್ಳಾಟದಲ್ಲಿ ನಾನು ನೇರ ಅವರ ತಲೆಯ ಮೇಲೆಯೇ ಬಾಗಿ ನಿಲ್ಲಬೇಕಾಯಿತು. ಕೆಳಗೆ ನೋಡಿದರೆ ಅವರ ತೊಡೆಯ ಮೇಲೆ ಅದೇ ಪುಸ್ತಕ! ಪುಟದ ತಲೆಯಲ್ಲಿ ಪುಸ್ತಕದ ಹೆಸರಿತ್ತು, ಅಂಚಿನಲ್ಲಿ ವಾಚನಾಲಯದ ಮೊಹರು ಕಣ್ಣಿಗೆ ಹೊಡೆಯುವಂತಿತ್ತು. ನನ್ನ ಇಬ್ಬರು ಶತ್ರುಗಳೂ ಒಬ್ಬರೇ ಎಂದು ತಿಳಿದಾಗ ಸಿಟ್ಟು ಎರಡು ಪಟ್ಟಾಗಬೇಕಿತ್ತು. ಆಗಲಿಲ್ಲ, ಯಾಕೆಂದರೆ ತೆರೆದಿದ್ದ ಪುಟದಲ್ಲಿ ಬ್ಯೂಟ್‌ಷೈರ್ ಇತ್ತು, ನಾನು ಆಗಲೇ ಓದಲು ಶುರು ಮಾಡಿಬಿಟ್ಟಿದ್ದೆ.

೧೭೦೭ರಲ್ಲಿ ಇಂಗ್ಲೆಂಡಿನೊಡನೆ ಒಂದಾದ ಮೇಲೆ ಸ್ಕಾಟ್ಲೆಂಡಿನ ಜಿಲ್ಲೆಗಳಿಗೆ ಲಂಡನ್ನಿನ ಪಾರ್ಲಿಮೆಂಟಿನಲ್ಲಿ ಮೂವತ್ತು ಸೀಟುಗಳು ಸಿಕ್ಕವು. ಜಿಲ್ಲೆಗಳು ಮಾತ್ರ ಮೂವತ್ತಮೂರು. ಅಲ್ಲಿಯವರು ನಮ್ಮ ಹಾಗೆ ಒತ್ತಿಕೊಂಡು ಕೂರಲಿಲ್ಲ. ಆರು ಸಣ್ಣ ಜಿಲ್ಲೆಗಳನ್ನು ಎರಡೆರಡಾಗಿ ಜೋಡಿ ಮಾಡಿ, ಒಂದು ಪಾರ್ಲಿಮೆಂಟಿಗೆ ನೀನು, ಮುಂದಿನದಕ್ಕೆ ನಾನು ಎಂದು ಪಾಳಿ ಹಾಕಿದರು. ಬ್ಯೂಟ್‌ಷೈರಿನ ಜೋಡಿ ಕೇತ್‌ನೆಸ್. ಒಂದು ಪಶ್ಚಿಮದ ದ್ವೀಪ, ಇನ್ನೊಂದು ಉತ್ತರದ ತುತ್ತತುದಿ, ನೆಂಟಸ್ತಿಕೆಯಿಲ್ಲ, ನೆರೆಹೊರೆಯಲ್ಲ. ಬ್ಯೂಟಿನವರು ಕೂತಾಗ ಕೇತ್‌ನೆಸ್ಸಿನವರು ನಿಂತಿರಬೇಕು. ಪಾರ್ಲಿಮೆಂಟು ಏಳು ವರ್ಷ ನಡೆದರೆ ಏಳು ವರ್ಷವೂ ನಿಂತಿರಬೇಕು. ದೊರೆ ಸತ್ತರೆ ಪಾರ್ಲಿಮೆಂಟು ಮುಗಿದು ಹೊಸದು ಬರುತ್ತಿತ್ತಂತೆ. ಪಾಳಿ ಕಾಯುತ್ತಿದ್ದ ಜಿಲ್ಲೆಯವರು ದೊರೆಯ ಆರೋಗ್ಯವನ್ನು ಎಷ್ಟು ಆಸಕ್ತಿಯಿಂದ ವಿಚಾರಿಸುತ್ತಿದ್ದರೋ!

ಇಲ್ಲಿಗೆ ಬರುವಷ್ಟರಲ್ಲಿ ಅವರು ಪುಟ ತಿರುವಿದರು.

"ಅಯ್ಯೋ, ಸ್ವಲ್ಪ ನಿಲ್ಲಿ ಮಾರಾಯ್ರೆ! ಕೆಳಗಿನ ನಾಲ್ಕು ಸಾಲು ಉಂಟು!" ಎಂದು ನನ್ನ ಬಾಯಿಂದ ಬಂದುಬಿಟ್ಟಿತು.

ಅವರು ತಲೆ ಎತ್ತಿ, ಬಾಯಿ ತೆರೆದು, ನನ್ನನ್ನೇ ನೋಡಿದರು. "ಅಯ್ಯ ನಮ್ಮವ್ವ, ನೀ ಕನ್ನಡದಾಕಿ ಏನು?"

"ಹೌದು. ನೀವೂ ಕನ್ನಡದವರಾ?"

"ಒಂದ ತಿಂಗಳ ನಿನ್ನ ಜೋಡಿ ಮರಾಠಿಯೊಳಗ ಜಗಳಾಡೀನಲ್ಲವ್ವಾ! ಮೊದಲ ಗೊತ್ತಾಗಿದ್ರ ಇನ್ನೂ ಚೊಲೋ ಆಡ್ತಿದ್ದೆ."

ಅವರ ಹೆಸರು ಸುಮಿತ್ರಕ್ಕ. ಬಾಗಲಕೋಟೆ ಕಡೆಯವರು, ಕಲ್ಯಾಣದಲ್ಲಿ ಮನೆ, ಠಾಣೆಯಲ್ಲಿ ಗುಮಾಸ್ತೆ. ನಾನು ಕಟ್ಟಿದ್ದ ಪರೀಕ್ಷೆಯನ್ನೇ ಅವರೂ ಕಟ್ಟಿದ್ದರು. ಹಿಂದೆ ಒಂದು ಸಲ ಫೇಲಾಗಿದ್ದರು. ಮತ್ತೆ ಕಟ್ಟಿದ್ದು ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ.

"ಮನ್ಯಾಗ ಹನ್ನೊಂದ ಮಂದಿ" ಎಂದರು, ದನಿ ತಗ್ಗಿಸಿ. "ಪುಸ್ತಕ ಹಿಡದ್ರ ಯಾರರೆ ಒಬ್ಬರು ಕರೀತಾರ. ಈ ಸೀಟಿನ್ಯಾಗ ಕುಂತಾಗಷ್ಟ ನಾ ಓದೂದು. ಅದಕ್ಕ ಫಾಸ್ಟ್ ಗಾಡಿ ಬಿಟ್ಟು ಸ್ಲೋ ಹತ್ತತೀನಿ. ಎದ್ದು ನಿಂತ್ರ ಎರಡೂ ಕೈ ಹಿಡಿಕಿಗೇ ಹೋಗ್ತಾವಲ್ಲ, ಪುಸ್ತಕ ಯಾವ ಕೈಲೆ ಹಿಡೀಲಿ?"

ಒಂದು ತಿಂಗಳು ನಾನು ಒಬ್ಬ ವಿದ್ಯಾರ್ಥಿನಿಯ ಓದುವ ಮೇಜನ್ನು ಕಿತ್ತುಕೊಳ್ಳಲು ಹೋರಾಡಿದ್ದೆ. ಅದೂ ನ್ಯಾಯದ ಹೆಸರಿನಲ್ಲಿ. ಆ ದಿನ ಮುಂಬ್ರಾ ಬಂದಾಗ ನಾನು ಪಾಳಿ ಕೇಳಲಿಲ್ಲ. ಸುಮಿತ್ರಕ್ಕ ತಾವೇ ಎದ್ದರು. "ನೀ ಕೂಡು. ಗಟ್ಟಿಯಾಗಿ ಓದು, ನಾ ನಿಂತು ಕೇಳ್ತೀನಿ" ಎಂದರು.

ಅಲ್ಲಿಂದ ಅದೇ ನಮ್ಮ ಏರ್ಪಾಡಾಯಿತು. ಮುಂಬ್ರಾವರೆಗೆ ಅವರು ಕೂತು ಓದುವುದು, ನಾನು ಕೇಳುವುದು. ಆಮೇಲೆ ನಾನು ಓದುವುದು, ಅವರು ಕೇಳುವುದು. ಗದ್ದಲ ಎಷ್ಟಿತ್ತೆಂದರೆ ಪಾರ್ಲಿಮೆಂಟಿನ ಚರಿತ್ರೆಗೆ ತಕ್ಕ ವಾತಾವರಣವೇ ಸರಿ.

ಬ್ಯೂಟ್‌ಷೈರಿನ ಮುಂದಿನ ಕಥೆ ಬಂದದ್ದು ಮಾರನೆಯ ದಿನ. ಅಲ್ಲಿ ಮತದಾರರೆಂದರೆ ಬೆರಳೆಣಿಕೆಯ ಜಮೀನುದಾರರು. ಅವರಲ್ಲೂ ಬಹುಮಂದಿ ಜಿಲ್ಲೆಯ ಹೊರಗೇ ಇದ್ದವರು. ಒಂದು ಚುನಾವಣೆಗೆ, ಅಧಿಕಾರಿಗಳನ್ನು ಬಿಟ್ಟರೆ, ಬಂದದ್ದು ಒಬ್ಬನೇ ಮತದಾರ. ಆ ಮಹಾಶಯ ಧೃತಿಗೆಡಲಿಲ್ಲ. ಚುನಾವಣೆಯ ಸಭೆಗೆ ತಾನೇ ಅಧ್ಯಕ್ಷನಾದ. ಪಟ್ಟಿ ಹಿಡಿದು ಹೆಸರು ಕೂಗಿ, ತನ್ನ ಹೆಸರಿಗೆ ತಾನೇ ಓಗೊಟ್ಟ. ತನ್ನನ್ನು ತಾನೇ ಸೂಚಿಸಿ, ತಾನೇ ಅನುಮೋದಿಸಿ, ಮತಕ್ಕೆ ಹಾಕಿ, ಸರ್ವಾನುಮತದಿಂದ ಆರಿಸಿಬಂದ! ನಾನು ಓದಿ ಮುಗಿಸುವಷ್ಟರಲ್ಲಿ ಸುಮಿತ್ರಕ್ಕ ಹಿಡಿಕೆಗೆ ಜೋತುಬಿದ್ದು ನಗುತ್ತಿದ್ದರು. ಸುತ್ತಲಿನವರು ಏನಾಯಿತೆಂದು ಕೇಳಿದರು. ಅವರು ಮರಾಠಿಯಲ್ಲಿ ಹೇಳಿದರು. ಬಾಗಿಲ ಬಳಿಯ ಯಾರದೋ ಬುಟ್ಟಿಯ ಮೀನಿನ ವಾಸನೆಗೆ ಮೂಗು ಮುಚ್ಚಿಕೊಳ್ಳುತ್ತಿದ್ದ ಬ್ಯಾಂಕಿನ ಹೆಂಗಸೊಬ್ಬರು ಮೂಗು ಬಿಟ್ಟು ನಕ್ಕರು. "ನಮ್ಮ ಸೊಸೈಟಿಯ ಚೇರಮನ್ನರೂ ಹೀಗೇ ಆದದ್ದು" ಎಂದರು.

ಈ ಚೋದ್ಯಗಳು ಎಷ್ಟು ದಿನ ನಡೆದಾವು? ೧೮೩೨ರ ಸುಧಾರಣೆಯಲ್ಲಿ ಪಾಳಿ ಮುಗಿದು ಎರಡೂ ಜಿಲ್ಲೆಗಳಿಗೆ ತಮ್ಮ ತಮ್ಮ ಸೀಟು ಸಿಕ್ಕಿತು, ಮತದಾರರೂ ಹೆಚ್ಚಿದರು. ಮೊದಲ ಮಹಾಯುದ್ಧ ಮುಗಿದ ೧೯೧೮ರಲ್ಲಿ ಬ್ಯೂಟ್‌ಷೈರನ್ನು ಪಕ್ಕದ ಸೀಮೆಯೊಂದಕ್ಕೆ ಸೇರಿಸಿ, ಆ ಹೆಸರಿನ ಕ್ಷೇತ್ರವನ್ನೇ ಮುಗಿಸಿದರು. ಅದೇ ವರ್ಷ ಅಲ್ಲಿ ಮೂವತ್ತು ದಾಟಿದ ಹೆಂಗಸರಿಗೆ ಮೊದಲ ಸಲ ಪಾರ್ಲಿಮೆಂಟಿನ ವೋಟು ಬಂತು.

ಸುಮಿತ್ರಕ್ಕ ಲೆಕ್ಕ ಹಾಕಿದರು. "ಅಂದ್ರ ಆ ಸೀಟು ಇರೂತನಕ ಒಬ್ಬ ಹೆಣಮಗಳೂ ಅದಕ್ಕ ವೋಟು ಹಾಕಿಲ್ಲ?"

"ಇಲ್ಲ ಅಕ್ಕ."

"ಎರಡನೂರ ವರ್ಷ?"

"ಹೆಚ್ಚುಕಡಿಮೆ ಅಷ್ಟೇ."



ಪರೀಕ್ಷೆ ಬಂತು. ಸುಧಾರಣೆಗೆ ಮುಂಚಿನ ಪ್ರಾತಿನಿಧ್ಯದ ಬಗ್ಗೆ ಪ್ರಶ್ನೆಯೂ ಬಂತು. ನನಗಾದ ಸಂತೋಷ ಅಷ್ಟಿಷ್ಟಲ್ಲ. ಆ ಒಬ್ಬನೇ ಮತದಾರ ನನ್ನ ಪೆನ್ನಿಗೆ ಇಳಿದುಬಿಟ್ಟ. ಅವನು ಕುರ್ಚಿಯಲ್ಲಿ ಕೂತ ರೀತಿ, ಹೊರಗೆ ಬೀಸುತ್ತಿದ್ದ ಕಡಲ ಗಾಳಿ, ಎಲ್ಲವನ್ನೂ ಬರೆದೆ. ತಲೆ ಎತ್ತಿದಾಗ ಉಳಿದದ್ದು ಇಪ್ಪತ್ತು ನಿಮಿಷ. ಉಳಿದ ಪ್ರಶ್ನೆಗಳು ಮೂರು. ನಾನು ಫೇಲಾದೆ. ಅದೇ ಉತ್ತರವನ್ನು ಒಂದೂವರೆ ಪುಟದಲ್ಲಿ ಮುಗಿಸಿದ ಸುಮಿತ್ರಕ್ಕ ಸೆಕೆಂಡ್ ಕ್ಲಾಸಿನಲ್ಲಿ ಪಾಸಾದರು.

ಅವರು ಖುಷಿಪಡಲು ಹೆದರುತ್ತಾ ನನ್ನೆದುರು ನಿಂತದ್ದು ಇನ್ನೂ ಕಣ್ಣಿಗೆ ಕಟ್ಟಿದಂತಿದೆ. ನಾನೇ ನಕ್ಕೆ. ನಕ್ಕ ಮೇಲೆ ಸ್ವಲ್ಪ ಅತ್ತೆನೆಂದೂ ಒಪ್ಪಿಕೊಳ್ಳಬೇಕು. ಅವರು ನನ್ನ ಭುಜ ಹಿಡಿದು ಕಿಟಕಿಯ ಪಕ್ಕ ಕೂಡಿಸಿದರು. "ಇನ್ನ ಒಂದ ವರ್ಷ ನೀ ಏಳೂ ಹಂಗಿಲ್ಲ. ಮುಂಬ್ರಾ ಬರ್ಲಿ, ಮುಂಬೈ ಬರ್ಲಿ." ಮಾತಿನಂತೆ ನಡೆದುಕೊಂಡರು. ಕಲ್ಯಾಣದಿಂದ ಆ ಜಾಗ ಹಿಡಿದು ತರುವುದು, ಡೊಂಬಿವಲಿಯಲ್ಲಿ ನನ್ನನ್ನು ಕೂಡಿಸುವುದು, ನಿಂತು ಪ್ರಶ್ನೆ ಕೇಳುವುದು. ಉತ್ತರ ಉದ್ದವಾದರೆ, "ಸಾಕು, ಅಂವ ಗೆದ್ದ, ಮುಂದ ನಡಿ" ಎನ್ನುತ್ತಿದ್ದರು. ಮರುವರ್ಷ ನಾನೂ ಪಾಸಾದೆ.

ಆದರೆ ಹೇಳಬೇಕಾದದ್ದು ಇನ್ನೊಂದಿದೆ. ಸುಮಿತ್ರಕ್ಕ ಪಾಸಾದ ಸುದ್ದಿಯನ್ನು ಅಂಜುತ್ತಲೇ ಮನೆಯಲ್ಲಿ ಹೇಳಿದಾಗ ಹತ್ತು ಜನ ಹತ್ತು ಮಾತಾಡಿದರಂತೆ. ಎಪ್ಪತ್ತರ ಹತ್ತಿರದ ಅತ್ತೆ ಅನ್ನಪೂರ್ಣಾಬಾಯಿ ಮಾತ್ರ ಎರಡು ದಿನ ಬಿಟ್ಟು, ಅಡಿಗೆಮನೆಯಲ್ಲಿ ಇಬ್ಬರೇ ಇದ್ದಾಗ, "ನನಗ ಸಹಿ ಮಾಡೂದು ಕಲಸ್ತಿ ಏನು?" ಎಂದು ಕೇಳಿದರು. ಪ್ರತಿ ಚುನಾವಣೆಯಲ್ಲೂ ಎಲ್ಲರೆದುರು ಹೆಬ್ಬೆಟ್ಟು ಒತ್ತುವಾಗ ಅವರಿಗೆ ನಾಚಿಕೆಯಾಗುತ್ತಿತ್ತಂತೆ.

ಎಂಬತ್ತರ ದಶಕದ ಒಂದು ಚುನಾವಣೆಯ ದಿನ ರಜೆ. ನಾನು ಡೊಂಬಿವಲಿಯಲ್ಲಿ ನನ್ನ ವೋಟು ಹಾಕಿ ಕಲ್ಯಾಣಕ್ಕೆ ಹೋದೆ. ಮತಗಟ್ಟೆಯಿದ್ದ ಶಾಲೆಯ ಗೇಟಿನ ಹೊರಗೆ ಕಾದು ನಿಂತೆ. ಅತ್ತೆ ಸೊಸೆ ಒಳಗೆ ಹೋಗಿ ಬಹಳ ಹೊತ್ತಾಯಿತು. ಕ್ಯೂ ಅಲ್ಲಾಡಲೇ ಇಲ್ಲ. ಹಿಂದಿನವರು ಗೊಣಗತೊಡಗಿದರು.

ಕೊನೆಗೆ ಇಬ್ಬರೂ ಹೊರಗೆ ಬಂದರು. ಮುದುಕಿಯ ಹಣೆಯಲ್ಲಿ ಬೆವರು.

"ಏನಾಯ್ತು ಅಮ್ಮ? ಯಾಕೆ ಇಷ್ಟು ತಡ?" ಎಂದೆ.

"ಏನಾಗೂದು? ನನ್ನ ಹೆಸರು ಇಷ್ಟು ಉದ್ದ ಐತಿ ಅಂತ ಇವತ್ತ ಗೊತ್ತಾತು" ಎಂದರು. "ಆ ಆಫೀಸರ್ ಮಸೀ ಡಬ್ಬಿ ಮುಂದಿಟ್ಟ. ನಾ ಪೆನ್ ಕೊಡು ಅಂದೆ."

ಸುಮಿತ್ರಕ್ಕ ನಗುತ್ತಾ, "ಅದಲ್ಲ, ಗಂಡನ ಹೆಸರೇನು ಅಂತ ಕೇಳಿದ್ರ ಇವರು ಬಾಯೇ ಬಿಡ್ಲಿಲ್ಲ. ಕಡೀಕ ನಾನೇ ಹೇಳ್ದೆ" ಎಂದರು.

ಅನ್ನಪೂರ್ಣಾಬಾಯಿ ಸೆರಗಿನಿಂದ ಮುಖ ಒರೆಸಿಕೊಂಡು ಸೊಸೆಯ ಕಡೆ ತಿರುಗಿದರು.

"ನಾಳಿಂದ ಅದನ್ನೂ ಕಲಸು. ಬಾಯಿಲೆ ಹೇಳಬಾರದು ಅಂತ ಹಿರೇರು ಅಂದಾರ, ಖರೆ. ಬರೀಬಾರದು ಅಂತ ಯಾರೂ ಅಂದಿಲ್ಲಲ್ಲ?"